ಹಗೇವಿನೊಳಗಿನ ದನಿ

ಹದಿನಾಲ್ಕು ಸೆಕೆಂಡು. ಅಷ್ಟೇ ಇತ್ತು ಆ ದನಿ.

"ನಾ ಮುಂಬೈಗೆ ಬಂದೇನಿ. ಇಲ್ಲೇ ಕೆಲಸ ಸಿಕ್ಕೇತಿ. ನನ್ನ ಹುಡುಕಬ್ಯಾಡ್ರಿ."

ಸಮತಾ ಫೋನನ್ನು ಕಿವಿಯಿಂದ ತೆಗೆದು ಮೊಣಕಾಲ ಮೇಲಿಟ್ಟುಕೊಂಡಳು. ಎದುರಿಗೆ ಚಾಪೆಯ ಮೇಲೆ ಕೂತಿದ್ದ ಮುನವ್ವರಾ ಅವಳ ಮುಖವನ್ನೇ ನೋಡುತ್ತಿದ್ದಳು. ಮುನವ್ವರಾಳ ಗಂಡ, ಚಿತ್ರಗಳಿಗೆ ಶಬ್ದ ಹಿಡಿಯುವ ದಾದಾಪೀರ, ಸವಣೂರಿನ ಈ ಮನೆಯಿಂದ ಹೊರಬಿದ್ದು ಇಂದಿಗೆ ಐದನೆಯ ದಿನ. ಅವನ ಜೊತೆಗೇ, 'ಹಗೇವು' ಚಿತ್ರಕ್ಕೆಂದು ಸಮತಾ ನಾಲ್ಕು ತಿಂಗಳು ಕೂತು ಕಟ್ಟಿದ ಸಂಗೀತವೆಲ್ಲ ಇದ್ದ ಹಾರ್ಡ್ ಡಿಸ್ಕೂ ಕಾಣೆಯಾಗಿತ್ತು. ಇವತ್ತು ಬೆಳಿಗ್ಗೆ ಏಳಕ್ಕೆ ಅವನದೇ ನಂಬರಿನಿಂದ ಮುನವ್ವರಾಳ ಫೋನಿಗೆ ಈ ದನಿಯ ಸಂದೇಶ ಬಂದಿತ್ತು. ತಿರುಗಿ ಹಚ್ಚಿದರೆ ಫೋನು ಬಂದ್.

ಮುನವ್ವರಾ ಅಳುತ್ತಲೂ ಇದ್ದಳು, ನಗುತ್ತಲೂ ಇದ್ದಳು. ಬರಲಿ ಅವನು, ಕಾಲು ಮುರಿದು ಮನೆಯಲ್ಲಿ ಕೂಡಿಸುತ್ತೇನೆ ಎಂದಳು. ಶಬ್ದದ ಬೆನ್ನು ಹತ್ತಿ ಮೂರು ನಾಲ್ಕು ದಿನ ಊರೂರು ಅಲೆಯುವುದು ಅವನಿಗೆ ಹೊಸದಲ್ಲ, ಅದಕ್ಕೇ ಇಷ್ಟು ದಿನ ಸುಮ್ಮನಿದ್ದೆ ಎಂದಳು. ಇವತ್ತು ಠಾಣೆಗೆ ಹೋಗಿ ದೂರು ಕೊಡುವುದೆಂದು ನಿನ್ನೆ ಸಂಜೆಯೇ ಗಟ್ಟಿ ಮಾಡಿಕೊಂಡಿದ್ದಳಂತೆ. ಚಿತ್ರದ ನಿರ್ದೇಶಕಿ ರಾಜಶ್ರೀಗೂ ಫೋನಿನಲ್ಲಿ ಹಾಗೇ ಹೇಳಿದ್ದಳಂತೆ. ಬೆಳಗಾಗುವುದರೊಳಗೆ ಗಂಡನ ದನಿ ಬಂದುಬಿಟ್ಟಿತು.

"ಜೀವಂತ ಅದಾನಲ್ಲಕ್ಕಾ, ಅಷ್ಟ ಸಾಕು ನನಗ."

ಸಮತಾ ಚೀಲದಿಂದ ಹೆಡ್‌ಫೋನ್ ತೆಗೆದು ಆ ಫೋನಿಗೆ ಸಿಕ್ಕಿಸಿಕೊಂಡು ಮತ್ತೊಮ್ಮೆ ಕೇಳಿದಳು. ಆಮೇಲೆ ಮತ್ತೂ ಒಮ್ಮೆ.

ಪ್ರತಿ ಮಾತಿನ ಬಾಲಕ್ಕೆ ಏನೋ ಅಂಟಿಕೊಂಡಿತ್ತು. 'ಬಂದೇನಿ' ಎಂಬಲ್ಲಿ 'ನಿ' ಮುಗಿದ ಮೇಲೂ ಕಣ್ಣು ಮಿಟುಕಿಸುವಷ್ಟು ಹೊತ್ತು ಒಂದು ಕೆಳಗಿನ ಸ್ವರ ನಿಂತಿತ್ತು. 'ಬ್ಯಾಡ್ರಿ' ಎಂಬಲ್ಲಿ ಇನ್ನೂ ಸ್ಪಷ್ಟವಾಗಿತ್ತು. ದೊಡ್ಡ ಗಡಿಗೆಯೊಳಗೆ ಮುಖವಿಟ್ಟು ಮಾತಾಡಿದಂತೆ, ಮಾತು ನಿಂತರೂ ಗಡಿಗೆ ಗುಂಯ್ಗುಟ್ಟಿದಂತೆ.

ಆ ಸ್ವರ ಅವಳಿಗೆ ಗೊತ್ತಿತ್ತು.

ಚಿಕ್ಕೇರೂರಿನ ಉಡಚಪ್ಪನ ಮಗಳು ಸಮತಾ ಬದುಕಿದ್ದೇ ಕಿವಿಯ ಮೇಲೆ. ಅಪ್ಪ ಮದುವೆ ಬ್ಯಾಂಡಿನಲ್ಲಿ ಕ್ಲಾರಿನೆಟ್ ನುಡಿಸುತ್ತಿದ್ದ. ಮಗಳು ಹಾರ್ಮೋನಿಯಂ ಹಿಡಿದಳು, ಧಾರವಾಡಕ್ಕೆ ಹೋಗಿ ಕಲಿತಳು, ತಿರುಗಿ ಬಂದು ಚಿತ್ರಗಳಿಗೆ ಸಂಗೀತ ಮಾಡತೊಡಗಿದಳು. ಹನ್ನೊಂದು ವರ್ಷದಲ್ಲಿ ಐದು ಚಿತ್ರ. ಒಂದೂ ಟಾಕೀಸಿನ ಮುಖ ಕಾಣಲಿಲ್ಲ. ಎಲ್ಲೋ ಪುಣೆಯಲ್ಲಿ, ಎಲ್ಲೋ ಕೇರಳದಲ್ಲಿ ನೂರು ಜನ ಕೂತು ನೋಡಿ ಎದ್ದುಹೋಗುವ ಚಿತ್ರಗಳವು. ನಡುನಡುವೆ ಬೀಜದ ಕಂಪನಿಯ ಜಾಹೀರಾತಿಗೆ, ಶಾಲೆಯ ಗ್ಯಾದರಿಂಗಿಗೆ ಹಾಡು ಕಟ್ಟಿಕೊಡುತ್ತಿದ್ದಳು. ಒಮ್ಮೆ ಒಂದು ಮಲಯಾಳಂ ಪತ್ರಿಕೆಯಲ್ಲಿ ಅವಳ ಸಂಗೀತದ ಬಗ್ಗೆ ಎರಡು ಸಾಲು ಬಂದಿತ್ತು. ಓದಲು ಬಾರದ ಆ ಎರಡು ಸಾಲನ್ನು ಕತ್ತರಿಸಿ ಹಾರ್ಮೋನಿಯಂ ಪೆಟ್ಟಿಗೆಯ ಒಳಮುಚ್ಚಳಕ್ಕೆ ಅಂಟಿಸಿಕೊಂಡಿದ್ದಳು.

ಮೊದಲ ಚಿತ್ರಕ್ಕೆ ಅವಳನ್ನು ಕರೆದವಳು ರಾಜಶ್ರೀಯೇ. ಮದುವೆ ಬ್ಯಾಂಡಿನವನ ಮಗಳಿಗೆ ಸಿನಿಮಾ ಸಂಗೀತ ಏನು ತಿಳಿಯುತ್ತದೆ ಎಂದು ಯಾರೋ ಕೊಂಕು ಮಾತಾಡಿದಾಗ, ಅದಕ್ಕೇ ಕರೆದಿದ್ದೇನೆ ಎಂದು ಬಾಯಿ ಮುಚ್ಚಿಸಿದ್ದಳಂತೆ. ಆ ಮಾತಿನ ಋಣವನ್ನು ಸಮತಾ ಮರೆತಿರಲಿಲ್ಲ. ಆ ಮೊದಲ ಚಿತ್ರದಿಂದಲೂ ಶಬ್ದ ಹಿಡಿಯುವ ಕೆಲಸ ದಾದಾಪೀರನದು. ಅವಳಿಗಿಂತ ಐದು ವರ್ಷ ಚಿಕ್ಕವನು. ಮೈಕ್ ಹಿಡಿದು ನಿಂತನೆಂದರೆ ಸುತ್ತಲಿನವರು ಉಸಿರು ಬಿಡಲೂ ಅವನ ಅಪ್ಪಣೆ ಬೇಕಿತ್ತು.

'ಹಗೇವು' ಅವಳ ಆರನೆಯ ಚಿತ್ರ. ಜೋಳ ತುಂಬಿಡುವ ನೆಲದೊಳಗಿನ ಕಣಜದ ಸುತ್ತ ಹೆಣೆದ ಕತೆ. ಜನವರಿಯಲ್ಲಿ ಆಡೂರಿನ ಒಂದು ಹಳೆಯ ಹಗೇವಿನ ಬಾಯಿಗೆ ಬಗ್ಗಿ ದಾದಾಪೀರ ಸುಮ್ಮನೆ ಒಮ್ಮೆ ಕೆಮ್ಮಿದ್ದ. ಒಳಗಿನಿಂದ ಒಂದು ಸ್ವರ ಎದ್ದುಬಂತು. ಹಾರ್ಮೋನಿಯಂನ ಮೂರನೆಯ ಕಪ್ಪು ಮನೆಯ ಸ್ವರಕ್ಕಿಂತ ಒಂದು ಕೂದಲೆಳೆ ಕೆಳಗೆ. ಸಮತಾ ಅಲ್ಲೇ ನೆಲಕ್ಕೆ ಕೂತುಬಿಟ್ಟಿದ್ದಳು. ಆಮೇಲೆ ಎಲ್ಲ ವಾದ್ಯಗಳನ್ನೂ ಆ ಕೂದಲೆಳೆಯಷ್ಟು ಇಳಿಸಿ, ಇಡೀ ಚಿತ್ರದ ಸಂಗೀತವನ್ನು ಆ ಒಂದೇ ಸ್ವರದ ಮೇಲೆ ನಿಲ್ಲಿಸಿದಳು. ನಾಲ್ಕು ತಿಂಗಳು ಅದರ ಜೊತೆ ಉಂಡಿದ್ದಳು, ಮಲಗಿದ್ದಳು.

ಅದೇ ಸ್ವರ ಈಗ ದಾದಾಪೀರನ ಮಾತಿನ ಬಾಲಕ್ಕೆ ಅಂಟಿಕೊಂಡಿತ್ತು. ಇದು ಮುಂಬೈ ಅಲ್ಲ. ಈ ಮಾತು ಹೊರಟದ್ದು ಆಡೂರಿನ ಹಗೇವಿನಿಂದ.

"ಏನರ ಕೇಳಿಸ್ತೇನಕ್ಕಾ?" ಮುನವ್ವರಾ ಕೇಳಿದಳು.

ಹೇಳಿದರೆ ಆ ಹದಿನಾಲ್ಕು ಸೆಕೆಂಡನ್ನೂ ಇವಳಿಂದ ಕಸಿದುಕೊಂಡಂತಾಗುತ್ತಿತ್ತು. ಸಮತಾ ಏನಿಲ್ಲ ಎಂದಳು. ಹಾನಗಲ್ಲ ಕಡೆ ಕೆಲಸವಿದೆ, ಸಂಜೆ ಫೋನ್ ಮಾಡುತ್ತೇನೆ ಎಂದಳು. ಆ ದನಿಯನ್ನು ತನ್ನ ಫೋನಿಗೆ ಕಳಿಸಿಕೊಂಡು, ಲ್ಯಾಪ್‌ಟಾಪಿನ ಚೀಲ ಹೆಗಲಿಗೇರಿಸಿ ಹೊರಬಿದ್ದಳು. ಒಲೆಯ ಮೇಲೆ ಚಹಾ ಕುದಿಯುತ್ತಿದ್ದದ್ದು ಅವಳಿಗೆ ಆಮೇಲೆ ನೆನಪಾಯಿತು. ಐದು ದಿನದಲ್ಲಿ ಮೊದಲ ಸಲ ಆ ಮನೆಯ ಒಲೆ ಹತ್ತಿತ್ತು.

ಶಿಗ್ಗಾಂವದಲ್ಲಿ ಬಸ್ಸು ಬದಲಿಸಬೇಕು. ಮೇ ತಿಂಗಳ ಬಿಸಿಲು ಹತ್ತು ಗಂಟೆಗೇ ನಿಲ್ದಾಣದ ಕಲ್ಲುಬೆಂಚನ್ನು ಕಾಯಿಸಿತ್ತು. ಸಮತಾ ಕೂರಲಿಲ್ಲ. ಹಗೇವಿನೊಳಗೆ ಇಳಿಯುವ ಮೊದಲು ದೀಪ ಇಳಿಬಿಟ್ಟು ನೋಡುತ್ತಾರೆ, ದೀಪ ಆರಿದರೆ ಒಳಗೆ ಗಾಳಿ ಕೆಟ್ಟಿದೆ ಎಂದರ್ಥ ಎಂದು ಆಡೂರಿನಲ್ಲಿ ಕೇಳಿದ್ದು ನೆನಪಿಗೆ ಬಂತು. ಮುಚ್ಚಿದ ಹಗೇವಿನಲ್ಲಿ ಒಬ್ಬ ಮನುಷ್ಯ ಎಷ್ಟು ಹೊತ್ತು ಉಸಿರಾಡಬಲ್ಲ? ಬೆಳಿಗ್ಗೆ ಏಳಕ್ಕೆ ದನಿ ಬಂದದ್ದು. ಈಗ ಹತ್ತು ದಾಟಿದೆ.

ಅಷ್ಟರಲ್ಲಿ ರಾಜಶ್ರೀಯ ಫೋನು ಬಂತು. ದಾದಾಪೀರನ ಸುದ್ದಿ ಕೇಳಿದೆ, ಹೋಗಲಿ ಬಿಡು ಎಂದಳು. ಮುಂದಿನ ಶುಕ್ರವಾರ ಚಿತ್ರೋತ್ಸವಕ್ಕೆ ಪ್ರತಿ ಕಳಿಸಲೇಬೇಕು, ನಿನ್ನಲ್ಲಿರುವ ತುಣುಕುಗಳನ್ನಾದರೂ ಸೇರಿಸಿ ಏನಾದರೂ ಮಾಡೋಣ, ಇಲ್ಲದಿದ್ದರೆ ಬೇರೆ ಯಾರಿಂದಲೋ ಸಂಗೀತ ಮಾಡಿಸಬೇಕಾಗುತ್ತದೆ ಎಂದಳು. ಸಮತಾಳ ಲ್ಯಾಪ್‌ಟಾಪಿನಲ್ಲಿ ಇದ್ದದ್ದು ಬಿಡಿಬಿಡಿ ಚೂರುಗಳು. ಹೊಂದಿಸಿ ಕೂಡಿಸಿದ ಕೆಲಸವೆಲ್ಲ ಆ ಡಿಸ್ಕಿನಲ್ಲೇ ಇತ್ತು. ಬೇರೆಯವರ ಸಂಗೀತ ಎಂಬ ಮಾತಿಗೆ ಬೇರೆ ದಿನವಾಗಿದ್ದರೆ ಎದೆ ಒಡೆಯುತ್ತಿತ್ತು. ಇವತ್ತು ಅದು ಕಿವಿಯ ಪಕ್ಕದಿಂದ ಹಾದುಹೋಯಿತು.

ಕೊನೆಗೆ ರಾಜಶ್ರೀ ಕೇಳಿದ್ದು ಇಷ್ಟು: "ಲ್ಯಾಪ್‌ಟಾಪ್ ನಿನ್ನ ಕೂಡನ ಐತಿಲ್ಲ?"

ಐತ್ರಿ ಎಂದಳು ಸಮತಾ. ಆಡೂರಿನ ಹೆಸರನ್ನು ಮಾತ್ರ ಎತ್ತಲಿಲ್ಲ. ಯಾಕೆ ಎತ್ತಲಿಲ್ಲವೆಂದು ಅವಳಿಗೇ ಗೊತ್ತಿರಲಿಲ್ಲ.

ಆಡೂರು ಮುಟ್ಟುವಾಗ ಹೊತ್ತು ನೆತ್ತಿಗೆ ಬಂದಿತ್ತು. ಬಸ್ಸಿಳಿದವಳು ಓಡುನಡಿಗೆಯಲ್ಲೇ ಹಗೇವಿನ ಒಡತಿ ಶೇಖವ್ವನ ಮನೆಯ ಹಿತ್ತಲು ಸೇರಿದಳು. ಎಪ್ಪತ್ತು ದಾಟಿದ ಶೇಖವ್ವ ಬೇವಿನ ನೆರಳಿನಲ್ಲಿ ಕೂತು ಹುಣಸೆಹಣ್ಣಿನ ಬೀಜ ಬಿಡಿಸುತ್ತಿದ್ದಳು. ಸಮತಾ ನಮಸ್ಕಾರವನ್ನೂ ಮಾಡದೆ ನೇರ ಹಗೇವಿನ ಹತ್ತಿರ ಹೋಗಿ ಮೊಣಕಾಲೂರಿದಳು.

ಬಾಯಿ ಮುಚ್ಚಿತ್ತು. ಕಲ್ಲಿನ ಮುಚ್ಚಳ, ಅದರ ಸುತ್ತ ದಪ್ಪಗೆ ಮೆತ್ತಿದ ಮಣ್ಣು. ಮಣ್ಣು ಒಣಗಿ ಬಿಳಿಚಿಕೊಂಡಿತ್ತು. ಸಣ್ಣಸಣ್ಣ ಬಿರುಕು ಬಿಟ್ಟಿತ್ತು, ಆದರೆ ಒಂದು ಕಡೆಯೂ ಕಿತ್ತಿರಲಿಲ್ಲ. ಮೆತ್ತಿದವರ ಬೆರಳಿನ ಗೆರೆಗಳು ಹಾಗೇ ಇದ್ದವು. ಅವಳು ಕಿವಿ ಹಚ್ಚಿದಳು. ಬಿಸಿ ಕಲ್ಲು ಕೆನ್ನೆ ಸುಟ್ಟಿತು. ಒಳಗೆ ಏನೂ ಇರಲಿಲ್ಲ. ಗುಂಯ್ಗುಡುವ ಟೊಳ್ಳೂ ಇರಲಿಲ್ಲ.

ಇದೇನವ್ವ ಎಂದು ಶೇಖವ್ವ ಎದ್ದುಬಂದಳು. ಇದನ್ನು ಮುಚ್ಚಿದ್ದು ಯಾವಾಗ ಎಂದು ಸಮತಾ ಕೇಳಿದಳು. ಯುಗಾದಿಗೆ ಎಂಟು ದಿನ ಮೊದಲು ಬಿಳಿಜೋಳ ತುಂಬಿ ನಾನೇ ಮಣ್ಣು ಮೆತ್ತಿದ್ದು, ಆಮೇಲೆ ಯಾರೂ ಮುಟ್ಟಿಲ್ಲ ಎಂದಳು ಮುದುಕಿ. ಬಾಯಿಯವರೆಗೂ ಜೋಳವಿದೆ, ಅದರೊಳಗೆ ಇಲಿಯೂ ನುಸುಳಲಾರದು ಎಂದಳು.

ಸಮತಾಳ ಉಸಿರು ಒಮ್ಮೆಲೇ ಹೊರಬಂತು. ಇಲ್ಲಿ ಅವನಿಲ್ಲ.

ಆ ನೆಮ್ಮದಿ ಅರ್ಧ ನಿಮಿಷವೂ ನಿಲ್ಲಲಿಲ್ಲ. ಯುಗಾದಿಗೆ ಮೊದಲೇ ಮುಚ್ಚಿದ ಹಗೇವು. ಹಾಗಾದರೆ ಇವತ್ತು ಬೆಳಿಗ್ಗೆ ಬಂದ ದನಿ ಇವತ್ತಿನದಲ್ಲ. ಅದು ತಿಂಗಳುಗಳ ಹಿಂದೆ ಆಡಿದ ಮಾತು. ಮುನವ್ವರಾ ಯಾವುದನ್ನು ಗಂಡ ಬದುಕಿರುವ ಗುರುತು ಎಂದು ಎದೆಗೆ ಅವಚಿಕೊಂಡಿದ್ದಳೋ ಅದು ಯಾವುದರ ಗುರುತೂ ಆಗಿರಲಿಲ್ಲ.

ಅವಳು ಫೋನು ತೆಗೆದು ಆ ದನಿಯನ್ನು ಶೇಖವ್ವನಿಗೆ ಕೇಳಿಸಿದಳು. ಮುದುಕಿ ಕಿವಿಯನ್ನು ಹತ್ತಿರ ತಂದು ಕೇಳಿದಳು. ಅವಳ ಮುಖದಲ್ಲಿ ನಗು ಮೂಡಿತು.

"ಇದ ಅಲ್ಲೇನವಾ, ಆ ಹುಡುಗ ಇದರಾಗ ಬಗ್ಗಿ ಹೇಳಿದ್ದು? ಆಡೂರಾಗ ಕುಂತು ಮುಂಬೈಗೆ ಬಂದೇನಿ ಅಂತೀಯಲ್ಲೋ ಅಂತ ನಾ ನಕ್ಕಿದ್ದೆ."

"ಯಾವಾಗವ್ವಾ?"

"ನೀವೆಲ್ಲಾ ಸಿನಿಮಾ ತಗ್ಯಾಕ ಬಂದಿದ್ರಲ್ಲ, ಆವಾಗ. ನೀ ಇನ್ನೂ ಬಂದಿರಲಿಲ್ಲ. ಆ ಬಾಯಾರು ಒಂದ ಹಾಳಿ ಕೊಟ್ಟು ಓದು ಅಂದ್ರು. ಇಂವ ಓದಿದ."

ಅಂದು ನಟ ಬರುವುದು ತಡವಾಗಿತ್ತಂತೆ. ಮೈಕ್ ಪರೀಕ್ಷೆಗೆಂದು ಅವನ ಮಾತುಗಳನ್ನು ದಾದಾಪೀರನೇ ಓದಿದ್ದನಂತೆ. ಕತೆಯ ಮಗ ಊರು ಬಿಟ್ಟುಹೋಗುವ ದೃಶ್ಯ ಅದು. ಆಮೇಲೆ ಆ ದೃಶ್ಯವನ್ನೇ ಚಿತ್ರದಿಂದ ತೆಗೆದುಹಾಕಿದ್ದರಿಂದ ಸಮತಾಳ ಕಿವಿಗೆ ಆ ಮಾತು ಬಿದ್ದಿರಲೇ ಇಲ್ಲ.

ಬಾಯಾರು. ಅಂದರೆ ರಾಜಶ್ರೀ.

ಹಾನಗಲ್ಲಿನಿಂದ ಹಿರೇಕೆರೂರಿನ ಬಸ್ಸಿನಲ್ಲಿ ಸಮತಾ ಕಿಟಕಿಗೆ ತಲೆಯಾನಿಸಿ ಲೆಕ್ಕ ಹಾಕಿದಳು. ಜನವರಿಯ ಆ ದಿನದ ಧ್ವನಿ ಇಬ್ಬರ ಹತ್ತಿರವಷ್ಟೇ ಇತ್ತು, ಹಿಡಿದ ದಾದಾಪೀರ ಮತ್ತು ಹಿಡಿಸಿದ ರಾಜಶ್ರೀ. ದೂರು ಕೊಡುತ್ತೇನೆಂದು ಮುನವ್ವರಾ ಹೇಳಿದ್ದು ನಿನ್ನೆ ಸಂಜೆ, ರಾಜಶ್ರೀಗೆ. ದನಿ ಬಂದದ್ದು ಇವತ್ತು ಬೆಳಿಗ್ಗೆ. ಎಷ್ಟು ಸಲ ತಿರುವಿ ನೋಡಿದರೂ ಬೇರೆ ಅರ್ಥ ಹುಟ್ಟಲಿಲ್ಲ. ಹುಟ್ಟಲಿ ಎಂದು ಅವಳು ದಾರಿಯುದ್ದಕ್ಕೂ ಹಂಬಲಿಸಿದಳು. ತನ್ನನ್ನು ಅಪ್ಪನ ಎದುರು 'ಸಂಗೀತ ನಿರ್ದೇಶಕಿ' ಎಂದು ಮೊದಲು ಕರೆದ ಬಾಯಿ ರಾಜಶ್ರೀಯದು.

ಹಿರೇಕೆರೂರಿನಲ್ಲಿ ಹತ್ತಿ ವ್ಯಾಪಾರಿಯೊಬ್ಬರ ಅಂಗಡಿಯ ಮಹಡಿಯ ಮೇಲೆ ರಾಜಶ್ರೀಯ ಎಡಿಟಿಂಗ್ ಕೋಣೆ. ಕೆಳಗೆ ಹಮಾಲರು ಲಾರಿಗೆ ಹತ್ತಿಯ ಮೂಟೆ ಏರಿಸುತ್ತಿದ್ದರು. ನಾಲ್ಕು ಗಂಟೆಯ ಬಿಸಿಲಿನಲ್ಲಿ ಮೆಟ್ಟಿಲ ತುಂಬ ಧೂಳು ತೇಲುತ್ತಿತ್ತು.

"ಬಾ ಸಮತಾ, ಕುಂದ್ರು. ಫೋನ್ ಮಾಡಿ ಬರಬಾರದ?" ಎಂದಳು ರಾಜಶ್ರೀ. ನಲವತ್ತಾರರ ಹೆಂಗಸು. ಹಿಂದೆ ಶಾಲೆಯಲ್ಲಿ ನಾಟಕ ಕಲಿಸುತ್ತಿದ್ದಳು. ಈಗಲೂ ಪ್ರತಿ ಅಕ್ಷರ ಬಿಡಿಸಿ ಮಾತಾಡುತ್ತಿದ್ದಳು.

ಸಮತಾ ಕೂರದೆ ಫೋನನ್ನು ಮೇಜಿನ ಮೇಲಿಟ್ಟು ಆ ಹದಿನಾಲ್ಕು ಸೆಕೆಂಡು ಕೇಳಿಸಿದಳು.

"ಇದು ಮುಂಬೈಯಾಗಿಂದಲ್ಲರಿ. ಆಡೂರಿನ ಹಗೇವಿನ್ಯಾಗಿಂದು. ನಾ ಈಗ ಅಲ್ಲಿಂದನ ಬಂದೇನಿ."

ರಾಜಶ್ರೀ ಎದ್ದು ಹೋಗಿ ಬಾಗಿಲು ಮುಂದೆ ಮಾಡಿ ಅಗುಳಿ ಹಾಕಿದಳು. ಹಮಾಲರ ಗದ್ದಲ ಸಣ್ಣದಾಯಿತು. ತಿರುಗಿ ಬಂದು ಕೂತು, ನೀರು ಕುಡಿದು, ಲೋಟವನ್ನು ಸದ್ದಿಲ್ಲದೆ ಕೆಳಗಿಟ್ಟಳು.

"ನಿನ್ನ ಕಿವಿಗೆ ಗೊತ್ತಾಕ್ಕೈತಿ ಅನ್ನೂದು ನನಗ ಹೊಳೀಬೇಕಾಗಿತ್ತು. ಹೌದು, ನಾನ ಮಾಡಿದ್ದು."

ಸಮತಾ ದಾರಿಯಲ್ಲಿ ಇಪ್ಪತ್ತು ಪ್ರಶ್ನೆ ಜೋಡಿಸಿಕೊಂಡು ಬಂದಿದ್ದಳು. ಇಷ್ಟು ಸುಲಭವಾಗಿ ಒಪ್ಪಿಕೊಂಡರೆ ಏನು ಕೇಳಬೇಕೆಂದು ಯೋಚಿಸಿರಲಿಲ್ಲ.

"ಯಾಕ್ರಿ?"

"ಆಂವ ಹೇಳಿದ್ದಕ್ಕ."

ರಾಜಶ್ರೀ ಹೇಳಿದ ಕತೆ ಇದು. ಸೋಮವಾರ ಮಧ್ಯಾಹ್ನ ದಾದಾಪೀರ ಇಲ್ಲಿಗೆ ಬಂದಿದ್ದ. ಅಂಗಿಯೆಲ್ಲ ಬೆವರಿಗೆ ತೊಯ್ದಿತ್ತು. ಯಾರೋ ಬೆನ್ನು ಹತ್ತಿದ್ದಾರೆ ಎಂದ, ಯಾರೆಂದು ಬಾಯಿ ಬಿಡಲಿಲ್ಲ. ತನ್ನ ಫೋನನ್ನೂ ಡಿಸ್ಕನ್ನೂ ರಾಜಶ್ರೀಯ ಕೈಗಿಟ್ಟ. ಗುರುವಾರದವರೆಗೆ ಬರದಿದ್ದರೆ ಮುನವ್ವರಾಗೆ ನನ್ನ ದನಿಯಲ್ಲಿ ಏನಾದರೂ ಕಳಿಸು, ಅವಳು ಹುಡುಕುತ್ತ ಹೊರಬೀಳದಂತೆ ನೋಡಿಕೋ, ಹುಡುಕಿದರೆ ಅವಳಿಗೂ ಅಪಾಯ ಎಂದ. ಆಮೇಲೆ ಹೊರಟುಹೋದ.

ಕತೆ ನೆಟ್ಟಗಿತ್ತು. ನಂಬಿಬಿಡೋಣವೆಂದು ಸಮತಾಳ ಮನಸ್ಸು ಓಡಿತು. ಒಂದು ಕಡೆ ಮಾತ್ರ ಅದು ಎಡವಿತು.

"ಎದುರಿಗೇ ಇದ್ದನಲ್ರಿ. ತನ್ನ ಬಾಯಿಂದನ ಹೇಳಿ ಹೋಗಬಹುದಿತ್ತಲ್ಲ? ಹಳೇ ದನಿ ಯಾಕ ಬೇಕಾಯ್ತು?"

ಉತ್ತರ ಬಂತು. ಆದರೆ ಒಂದು ಮಾತ್ರೆ ತಡವಾಗಿ ಬಂತು. ತಾಳ ಹಿಡಿದು ಬದುಕಿದವಳಿಗೆ ಆ ಒಂದು ಮಾತ್ರೆ ಸಾಕಿತ್ತು.

"ಹೆಂಡತಿಗೆ ಸುಳ್ಳ ಹೇಳಾಕ ಬಾಯಿ ಬರಲಿಲ್ಲ ಆಂವಗ."

ಸಮತಾ ಮತ್ತೇನೋ ಕೇಳುವಷ್ಟರಲ್ಲಿ ರಾಜಶ್ರೀ ಮೇಜಿನ ಖಾನೆ ಎಳೆದು ಡಿಸ್ಕನ್ನು ಹೊರತೆಗೆದಳು. ಅದರ ಮೇಲೆ ಹಸಿರು ಟೇಪು, ಟೇಪಿನ ಮೇಲೆ ಸಮತಾಳದೇ ಅಕ್ಷರ. ತನ್ನ ನಾಲ್ಕು ತಿಂಗಳು ಸುರಕ್ಷಿತವಾಗಿದೆ ಎಂಬ ಸಂತೋಷ ಎಲ್ಲಕ್ಕಿಂತ ಮುಂದೆ ಓಡಿ ಬಂತು, ಅದರ ಹಿಂದೆಯೇ ನಾಚಿಕೆ. ಮನುಷ್ಯ ಕಾಣೆಯಾಗಿದ್ದಾನೆ, ತಾನು ಡಿಸ್ಕು ನೋಡಿ ಹಿಗ್ಗುತ್ತಿದ್ದೇನೆ.

ಇದು ತನ್ನ ಕಂಪ್ಯೂಟರಿನಲ್ಲಿ ತೆರೆಯುತ್ತಿಲ್ಲ ಎಂದಳು ರಾಜಶ್ರೀ. ದಾದಾಪೀರ ಬೀಗ ಹಾಕಿದ್ದಾನೆ, ಸಮತಾಳ ಲ್ಯಾಪ್‌ಟಾಪಿಗೆ ಸಿಕ್ಕಿಸಿದರಷ್ಟೇ ತೆರೆಯುವ ಹಾಗೆ. ಎಲ್ಲ ಇದೆಯೋ ನೋಡು, ಇದ್ದದ್ದನ್ನೆಲ್ಲ ನನಗೊಂದು ಪ್ರತಿ ಮಾಡಿಕೊಡು, ಮುಂದಿನ ಶುಕ್ರವಾರ ನಿನ್ನ ಹೆಸರಿನಲ್ಲೇ ಚಿತ್ರ ಹೋಗಲಿ ಎಂದಳು. ದನಿ ಮೃದುವಾಗಿತ್ತು.

ಬೆಳಿಗ್ಗೆ ಶಿಗ್ಗಾಂವದಲ್ಲಿ ಕೇಳಿದ ಪ್ರಶ್ನೆಯ ಅರ್ಥ ಸಮತಾಳಿಗೆ ಆಗ ಹೊಳೆಯಿತು. ಬೇಕಾಗಿದ್ದದ್ದು ಸಮತಾ ಅಲ್ಲ, ಅವಳ ಲ್ಯಾಪ್‌ಟಾಪು.

ಬಾಗಿಲಿಗೆ ಅಗುಳಿ ಬಿದ್ದಿತ್ತು. ರಾಜಶ್ರೀ ಕುರ್ಚಿಯನ್ನು ಪಕ್ಕಕ್ಕೇ ಎಳೆದುಕೊಂಡು ಕೂತಿದ್ದಳು. ಸಮತಾ ಲ್ಯಾಪ್‌ಟಾಪು ತೆರೆದು ಡಿಸ್ಕು ಸಿಕ್ಕಿಸಿದಳು. ಪರದೆಯ ಮೇಲೆ ಪಟ್ಟಿ ಮೂಡಿತು.

ಅವಳು ಮಾಡಿದ್ದು ನಲವತ್ತೊಂದು ತುಣುಕು. ಪಟ್ಟಿಯಲ್ಲಿ ನಲವತ್ತೆರಡು ಇದ್ದವು.

ಕೊನೆಯದರ ಹೆಸರು 'ಸಮತಾ, ತಿದ್ದಿದ್ದು'. ಮಾಡಿದ ದಿನ ಸೋಮವಾರ. ಅವಳು ತಿದ್ದಿದ್ದು ಏನೂ ಇರಲಿಲ್ಲ. ಹೆಡ್‌ಫೋನ್ ಹಾಕಿಕೊಂಡಳು. ಕೆಲಸ ಮಾಡುವಾಗ ಅವಳು ಯಾವಾಗಲೂ ಹಾಗೇ ಕೇಳುವುದು, ರಾಜಶ್ರೀಗೂ ಅದು ಗೊತ್ತು. ಒತ್ತಿದಳು.

ಮೊದಲು ಅವಳದೇ ಸಂಗೀತ ಬಂತು. ನಿಮಿಷದಷ್ಟು ಹೊತ್ತು. ಆಮೇಲೆ ಅದು ಸಣ್ಣಗಾಗುತ್ತ ಹೋಗಿ, ಒಬ್ಬರ ಉಸಿರು ಕೇಳಿಸಿತು. ಈ ಸಲ ಮಾತಿಗೆ ಯಾವ ಬಾಲವೂ ಇರಲಿಲ್ಲ. ಗೋಡೆಗೆಲ್ಲ ಕೌದಿ ಹೊದಿಸಿದ, ಸವಣೂರಿನ ಅವನ ಸ್ವಂತ ಕೋಣೆಯ ಒಣ ದನಿ.

"ಅಕ್ಕಾ, ಇದನ್ನ ಕೇಳಾಕತ್ತೀ ಅಂದ್ರ ರಾಜಶ್ರೀ ನಿನ್ನ ಬಾಜೂಕ ಇರ್ತಾಳ. ಮಾರಿ ಬದಲ ಮಾಡಬ್ಯಾಡ. ಹೆಡ್‌ಫೋನ್ ತಗೀಬ್ಯಾಡ."

ಸಮತಾ ಪರದೆಯಿಂದ ಕಣ್ಣು ಕೀಳಲಿಲ್ಲ. ಪಕ್ಕದಲ್ಲಿ ರಾಜಶ್ರೀ ಏನೋ ಕೇಳಿದ್ದು ದೂರದಿಂದ ಬಂದಂತೆ ಬಂತು. ಎಲ್ಲ ಇದೆಯೇ ಎಂದಿರಬೇಕು. ಸಮತಾ ತಲೆಯಾಡಿಸಿದಳು. ತಾಳಕ್ಕೆಂಬಂತೆ ಮೇಜಿನ ಮೇಲೆ ಬೆರಳು ಬಡಿಯತೊಡಗಿದಳು.

"ಅಕಿಗೆ ಬೇಕಾಗಿದ್ದು ನಿನ್ನ ಸಂಗೀತ ಅಲ್ಲ. ಆಡೂರಾಗ ಸಿನಿಮಾ ತಗೀವಾಗ ಒಂದಿನ ನಾ ಮೈಕ್ ಬಂದ್ ಮಾಡೂದು ಮರತಿದ್ದೆ. ಆವಾಗ ಅದರಾಗ ಬಿದ್ದ ಅಕಿ ಗುಟ್ಟಿನ ಮಾತು ಈ ಡಿಸ್ಕಿನ್ಯಾಗ ಐತಿ. ಅದು ಅಕಿ ಕೈಗೆ ಸಿಗಬಾರದು."

ರಾಜಶ್ರೀ ಎದ್ದಳು. ಸಮತಾಳ ಬೆರಳು ಒಂದು ಪೆಟ್ಟು ತಪ್ಪಿ, ಮತ್ತೆ ತಾಳಕ್ಕೆ ಬಂತು.

"ಆದ್ರ ಎಲ್ಲಾಕ್ಕಿಂತ ಮೊದಲ ಮುನವ್ವರಾನ ಆ ಮನೀಯಿಂದ ಹೊರಗ ಕಳಸು. ಇವತ್ತ ಕಳಸು ಅಕ್ಕಾ. ಇನ್ನೊಂದು ಪ್ರತಿ ಐತೇನು ಅಂತ ಹುಡುಕ್ಕೊಂಡು ಅಕಿ ಮಂದಿ ಅಲ್ಲಿಗೆ ಬರ್ತಾರ. ತಡಾ ಮಾಡಬ್ಯಾಡ."

ಅಲ್ಲಿಗೆ ಅವನ ಉಸಿರಿನ ಸದ್ದೂ ಮುಗಿಯಿತು. ಹೆಡ್‌ಫೋನಿನಲ್ಲಿ ಬರೀ ಮೌನ. ಆ ಮೌನದ ಮೂಲಕ, ಕಿಟಕಿಯ ಹತ್ತಿರ ಬೆನ್ನು ತಿರುಗಿಸಿ ನಿಂತು ಫೋನಿನಲ್ಲಿ ಮಾತಾಡುತ್ತಿದ್ದ ರಾಜಶ್ರೀಯ ದನಿ ಅಕ್ಷರ ಬಿಡದೆ ಕೇಳಿಸಿತು.

"ಸವಣೂರು ಮುಟ್ಟಿದ್ರೇನು? ಹಾಂ, ಅದ ಮನೀ. ಬಾಗಲಾ ಬಡೀರಿ. ಒಬ್ಬಾಕೆನ ಅದಾಳ."